ಕೊಳ್ಳೇಗಾಲದ ದಾಯವಿಭಾಗ ಚಂದ್ರಿಕೆ

ವಿಷಯ, ಅಧಿಕಾರಿ, ಪ್ರಯೋಜನ, ಸಂಬಂಧ ಎಂಬ ನಾಲ್ಕನ್ನೂ ಮೊದಲೇ ಹೇಳದೆ ಶಾಸ್ತ್ರಕ್ಕೆ ಕೈಹಾಕಬಾರದು ಎಂಬುದು ಹಿರಿಯರ ಕಟ್ಟಳೆ. ಉಯಿಲು ಬರೆಯದೆ ತೀರಿಕೊಂಡ ಅಪ್ಪ ಅಮ್ಮಂದಿರ ಆಸ್ತಿಯನ್ನು ಒಡಹುಟ್ಟಿದವರು ಹಂಚಿಕೊಳ್ಳುವ ಬಗೆಯೇ ಇಲ್ಲಿ ವಿಷಯ. ಹಂಚಿಕೊಳ್ಳಲಾಗದೆ ಕೋರ್ಟಿನ ಜಗಲಿಯ ಮೇಲೆ ವಾಯಿದೆಗೆ ಕಾದು ಕೂತವರು ಅಧಿಕಾರಿಗಳು. ಪ್ರಯೋಜನ ವಕೀಲರಿಗೆ. ಸಂಬಂಧವೋ, ಪಾಲು ಕೇಳಿದ ದಿನದಿಂದ ಇಲ್ಲ.

ಗ್ರಂಥದ ದೇಶ ಕೊಳ್ಳೇಗಾಲ, ಹನೂರು, ಯಳಂದೂರು ಎಂಬ ಮೂರು ತಾಲ್ಲೂಕು. ಪಾಲಿನ ಶಾಸ್ತ್ರಕ್ಕೆ ಇಷ್ಟು ಹೊಂದುವ ಸೀಮೆ ಇನ್ನೊಂದಿಲ್ಲ. ಇಲ್ಲಿ ನೆಲವೇ ಹಿಸ್ಸೆಯಾಗುತ್ತ ಬಂದಿದೆ. ಕಾವೇರಿ ಶಿವನಸಮುದ್ರದಲ್ಲಿ ಎರಡಾಗಿ, ಗಗನಚುಕ್ಕಿಯನ್ನು ಮಳವಳ್ಳಿಯ ಕಡೆಗೂ ಭರಚುಕ್ಕಿಯನ್ನು ಕೊಳ್ಳೇಗಾಲದ ಕಡೆಗೂ ಕೊಟ್ಟು, ಕೆಳಗೆ ಹೋಗಿ ಮತ್ತೆ ಒಂದಾಗುತ್ತಾಳೆ. ಆ ಕೊನೆಯ ಕ್ರಿಯೆಗೆ ಮನುಷ್ಯರಲ್ಲಿ ಉದಾಹರಣೆ ವಿರಳ. ಮದರಾಸು ಪ್ರಾಂತದ ಕೊಯಮತ್ತೂರು ಜಿಲ್ಲೆಯಲ್ಲಿದ್ದ ಕೊಳ್ಳೇಗಾಲ 1956ರ ನವೆಂಬರ್ 1ರಂದು ಮೈಸೂರಿನ ಪಾಲಿಗೆ ಬಂತು. 1997ರಲ್ಲಿ ಚಾಮರಾಜನಗರ ಮೈಸೂರಿನಿಂದ ಬೇರೆಯಾಗಿ ಜಿಲ್ಲೆಯಾಯಿತು. ಈಚೆಗೆ ಹನೂರು ಕೊಳ್ಳೇಗಾಲದಿಂದ ಬೇರೆ ಒಲೆ ಹೂಡಿತು. ಹೋಗುವಾಗ ಮಾದಪ್ಪನ ಬೆಟ್ಟವನ್ನು ತನ್ನ ಪಾಲಿಗೆ ಹಾಕಿಕೊಂಡು ಹೋಯಿತು. ಹಿರಿಯನಿಗೆ ಪೇಟೆ, ಕಿರಿಯನಿಗೆ ದೇವರು. ಯಳಂದೂರು ಮಾತ್ರ ಒಂದೇ ವಂಶಕ್ಕೆ ಇಡಿಯಾಗಿ ಸಿಕ್ಕಿದ್ದು: 1807ರಲ್ಲಿ ಅದನ್ನು ದಿವಾನ್ ಪೂರ್ಣಯ್ಯನವರಿಗೆ ಜಹಗೀರಾಗಿ ಕೊಟ್ಟರು.

ಉಯಿಲು ಬರೆಯದವರ ಭೇದ

ಉಯಿಲು ಬರೆಯದೆ ಹೋಗುವವರು ಮೂರು ಬಗೆ. ಮೊದಲನೆಯವನು ಭೀರು. ಉಯಿಲು ಬರೆದರೆ ಯಮನಿಗೆ ವಿಳಾಸ ಬರೆದುಕೊಟ್ಟ ಹಾಗೆ ಎಂದು ನಂಬಿದವನು. ಎರಡನೆಯವನು ವಿರಕ್ತ. ‘ನಾನ್ ಸತ್ ಮ್ಯಾಲ ಏನಾರ ಮಾಡ್ಕಳಿ’ ಎನ್ನುತ್ತಾನೆ, ಮಕ್ಕಳು ಅದನ್ನು ಅಕ್ಷರಶಃ ಪಾಲಿಸುತ್ತಾರೆ. ಇವರಿಬ್ಬರಿಂದ ದೊಡ್ಡ ಅಪಾಯವಿಲ್ಲ.

ಮೂರನೆಯವನು ವಾಗ್ದಾನಿ. ಈತನಿಗೆ ರೋಡಿನ ಬದಿಯಲ್ಲಿ ಒಂದು ಹೊಲ ಇರುತ್ತದೆ. ಮೈಸೂರಿನ ಆಸ್ಪತ್ರೆಯಲ್ಲಿ ರಾತ್ರಿಯೆಲ್ಲ ಕೂತ ಹಿರಿಮಗನಿಗೆ, ‘ರೋಡ್ ಮ್ಯಾಲಿನ್ ಹೊಲ ನಿಂಗೇ ಕನ ಮಗ, ಯಾರ್ಗೂ ಹೇಳ್ಬ್ಯಾಡ’ ಎಂದಿರುತ್ತಾನೆ. ರೇಷ್ಮೆಗೂಡಿಗೆ ಒಳ್ಳೆಯ ರೇಟು ಸಿಕ್ಕಿದ ದಿನ ಮಾರುಕಟ್ಟೆಯಿಂದ ಬರುವಾಗ ಬೈಕಿನ ಹಿಂದೆ ಕೂತು ಕಿರಿಮಗನ ಕಿವಿಯಲ್ಲಿ ಅದನ್ನೇ ಹೇಳಿರುತ್ತಾನೆ. ಯುಗಾದಿಗೆ ಬಂದ ಮಗಳು ತಟ್ಟಿಕೊಟ್ಟ ಒಬ್ಬಟ್ಟು ತಿಂದು ಅವಳಿಗೂ ಹೇಳಿರುತ್ತಾನೆ. ಮೂವರೂ ಪಿತೃವಾಕ್ಯ ಪರಿಪಾಲಕರು, ಯಾರಿಗೂ ಹೇಳಿಲ್ಲ. ಹನ್ನೊಂದನೆಯ ದಿನದ ಊಟ ಮುಗಿದು ಎಲೆ ಎತ್ತುವ ಹೊತ್ತಿಗೆ ಮೂವರೂ ಒಟ್ಟಿಗೆ ಹೇಳುತ್ತಾರೆ.

ಇಲ್ಲೊಂದು ಆಕ್ಷೇಪ ಬರಬಹುದು: ಉಯಿಲು ಬರೆಸಲು ಖರ್ಚು, ಓಡಾಟ ಇರುತ್ತದಲ್ಲ? ಇಲ್ಲ. ಬಿಳಿ ಹಾಳೆ ಸಾಕು, ಛಾಪಾಕಾಗದ ಬೇಕಿಲ್ಲ, ಸಹಿ ಮಾಡಿದ್ದನ್ನು ಕಂಡ ಇಬ್ಬರು ಸಾಕ್ಷಿ ಸಹಿ ಹಾಕಿದರೆ ಆಯಿತು. ನೋಂದಣಿ ಒಳ್ಳೆಯದು, ಕಡ್ಡಾಯವಲ್ಲ. ಎಮ್ಮೆ ಕೊಳ್ಳುವಾಗ ನಾಲ್ಕು ಜನರನ್ನು ಸೇರಿಸುವ ಯಜಮಾನರು ಈ ಇಬ್ಬರನ್ನು ಸೇರಿಸುವುದಿಲ್ಲ.

ಆಸ್ತಿ ಭೇದ

ಕಲ್ಯಾಣದಲ್ಲಿ, ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಮಿತಾಕ್ಷರವನ್ನು ಬರೆದ ವಿಜ್ಞಾನೇಶ್ವರ ದಾಯವನ್ನು ಎರಡಾಗಿ ಒಡೆದ. ಅಪ್ಪ, ಅಜ್ಜನ ಆಸ್ತಿ ಅಪ್ರತಿಬಂಧ, ಹುಟ್ಟಿದ್ದೇ ಹಕ್ಕು. ಚಿಕ್ಕಪ್ಪ, ಅಣ್ಣನಂಥವರದು ಸಪ್ರತಿಬಂಧ, ಅವರು ಬದುಕಿರುವುದೇ ಅಡ್ಡಿ. ನಮ್ಮ ಸೀಮೆಯಲ್ಲಿ ಮೂರನೆಯದೊಂದು ಕಾಣುತ್ತದೆ, ವಾಕ್ಪ್ರತಿಬಂಧ: ಹಕ್ಕಿದೆ, ಅಡ್ಡಿ ಯಾರೂ ಇಲ್ಲ, ಆದರೆ ಅಣ್ಣ ತಮ್ಮ ಮಾತು ಬಿಟ್ಟಿರುವುದರಿಂದ ಮೂರು ತಲೆಮಾರಿನಿಂದ ಪಹಣಿಯಲ್ಲಿ ಸತ್ತ ಮುತ್ತಜ್ಜನೇ ವ್ಯವಸಾಯ ಮಾಡುತ್ತಿದ್ದಾನೆ. ಪೌತಿ ಖಾತೆ ಆಂದೋಲನಗಳೆಲ್ಲ ಈ ಮುತ್ತಜ್ಜನನ್ನು ಗದ್ದೆಯಿಂದ ಎಬ್ಬಿಸುವ ಪ್ರಯತ್ನ.

ಕಾನೂನಿನ ಲೆಕ್ಕ ಮಾತ್ರ ನಾಚಿಕೆಯಾಗುವಷ್ಟು ಸರಳ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ ಪ್ರಕಾರ ಅಪ್ಪ 4 ಎಕರೆ ಸ್ವಯಾರ್ಜಿತ ಬಿಟ್ಟು, ಉಯಿಲಿಲ್ಲದೆ ಹೋದ ಎನ್ನಿ. ಉಳಿದವರು ಹೆಂಡತಿ, ಇಬ್ಬರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳು. 160 ಗುಂಟೆಯನ್ನು ಐದು ಜನಕ್ಕೆ ಹಂಚಿದರೆ ತಲೆಗೆ 32. ಕೆಲವು ವರ್ಷಕ್ಕೆ ತಾಯಿಯೂ ಉಯಿಲಿಲ್ಲದೆ ಹೋದರೆ ಅವಳ 32 ನಾಲ್ವರಿಗೆ ಎಂಟೆಂಟು. ತಲೆಗೆ 40 ಗುಂಟೆ, ಸರಿಯಾಗಿ ಒಂದು ಎಕರೆ. ಐದನೇ ಕ್ಲಾಸಿನ ಹುಡುಗ ಮಾಡುವ ಲೆಕ್ಕ. ಇದನ್ನು ಮಾಡಿ ಮುಗಿಸಲು ಹದಿನೈದು ಇಪ್ಪತ್ತು ವರ್ಷ ಹಿಡಿಯುವುದು ಏಕೆ ಎಂಬುದೇ ಮುಂದಿನ ಪ್ರಕರಣಗಳ ಹುರುಳು.

ಇದು ಎಲ್ಲರಿಗೂ ಒಂದೇ ಅಲ್ಲ. ಕೊಳ್ಳೇಗಾಲದ ಮುಸ್ಲಿಂ ಮನೆಗಳಲ್ಲಿ ಮಗನದರಲ್ಲಿ ಅರ್ಧ ಮಗಳಿಗೆ, ಮಕ್ಕಳಿದ್ದರೆ ವಿಧವೆಗೆ ಎಂಟನೆಯ ಒಂದು. ಮಾರ್ಟಳ್ಳಿಯ ಕ್ರೈಸ್ತರಿಗೆ 1925ರ ಭಾರತೀಯ ಉತ್ತರಾಧಿಕಾರ ಕಾಯ್ದೆ: ವಿಧವೆಗೆ ಮೂರನೆಯ ಒಂದು, ಉಳಿದದ್ದು ಮಕ್ಕಳಿಗೆ ಸಮ. ಬಿಳಿಗಿರಿರಂಗನ ಬೆಟ್ಟದ, ಮಾದಪ್ಪನ ಬೆಟ್ಟದ ಸೋಲಿಗರು ಪರಿಶಿಷ್ಟ ಪಂಗಡವಾದ್ದರಿಂದ 1956ರ ಕಾಯ್ದೆ ಅವರಿಗೆ ತಾನಾಗಿ ಅನ್ವಯಿಸದು. 2006ರ ಅರಣ್ಯ ಹಕ್ಕು ಕಾಯ್ದೆಯ ಪಟ್ಟಾ ಗಂಡ ಹೆಂಡತಿ ಇಬ್ಬರ ಹೆಸರಿನಲ್ಲೂ ಇರಬೇಕು, ಮಕ್ಕಳಿಗೆ ಬರುತ್ತದೆ, ಮಾರುವ ಹಾಗಿಲ್ಲ. ಮಾರುವ ಹಾಗಿಲ್ಲದ ಭೂಮಿಗೆ ದಾಯಾದಿ ಜಗಳ ಕಡಿಮೆ ಎಂಬುದು ಶಾಸ್ತ್ರಕಾರನ ಅನುಮಾನ.

ಗಡಿ ಪ್ರಕರಣ

ಯಳಂದೂರಿನಿಂದ ಕೊಳ್ಳೇಗಾಲಕ್ಕೆ ಬಸ್ಸಿನಲ್ಲಿ ಅರ್ಧ ಗಂಟೆಯ ದಾರಿ. 1933ರಿಂದ 1956ರವರೆಗೆ ಈ ಅರ್ಧ ಗಂಟೆಯಲ್ಲಿ ಹೆಣ್ಣಿನ ಪಾಲೇ ಬದಲಾಗುತ್ತಿತ್ತು. ಮೈಸೂರು ಸಂಸ್ಥಾನ 1933ರಲ್ಲಿ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯ್ದೆ ಮಾಡಿತು. ಅಣ್ಣತಮ್ಮಂದಿರು ಪಾಲಾಗುವಾಗ ತಾಯಿಗೆ ಮಗನ ಪಾಲಿನ ಅರ್ಧ, ಮದುವೆಯಾಗದ ತಂಗಿಗೆ ಅಣ್ಣನ ಪಾಲಿನ ಕಾಲು ಕೊಡಬೇಕು ಎಂದಿತು. ಆ ಕಾಲು ಭಾಗ ಯಾಜ್ಞವಲ್ಕ್ಯ ಸ್ಮೃತಿಯಷ್ಟು ಹಳೆಯದು. ಸಂಸ್ಥಾನ ಅದಕ್ಕೆ ಬಲ ತುಂಬಿತು, ಅಷ್ಟೆ. ಯಳಂದೂರು ಸಂಸ್ಥಾನದೊಳಗೆ. ಕೊಳ್ಳೇಗಾಲ, ಅದರೊಳಗಿದ್ದ ಹನೂರು, ಬ್ರಿಟಿಷರ ಮದರಾಸಿನೊಳಗೆ. ಅಲ್ಲಿ 1937ರ ಕಾಯ್ದೆ ವಿಧವೆಗೆ ಬದುಕಿರುವ ತನಕ ಅನುಭವಿಸುವ ಹಕ್ಕೊಂದನ್ನು ಕೊಟ್ಟಿತು, ತಂಗಿಯ ಮಾತೇ ಎತ್ತಲಿಲ್ಲ. ಒಂದೇ ಜಾತಿ, ಒಂದೇ ಮನೆದೇವರು, ಒಂದೇ ಸಂತೆಯ ಜನ. ಗಡಿಯ ಈಚೆಯವಳಿಗೆ ಕಾಲು, ಆಚೆಯವಳಿಗೆ ಸೊನ್ನೆ. ಯಳಂದೂರಿಗೆ ಈ ವಿಷಯದಲ್ಲಿ ಹಳೆಯ ಸಾಲವೂ ಇತ್ತು ಎನ್ನಬೇಕು: ಹೆಣ್ಣು ಹುಟ್ಟಿದರೆ ಮುಖ ಸಿಂಡರಿಸುವವರನ್ನು 17ನೇ ಶತಮಾನದಲ್ಲೇ ಸಾಂಗತ್ಯದಲ್ಲಿ ತರಾಟೆಗೆ ತೆಗೆದುಕೊಂಡ ಸಂಚಿ ಹೊನ್ನಮ್ಮ ಆ ಊರಿನವಳು.

ಗಡಿ ಅಳಿದ ಮೇಲೂ ಅಳತೆ ಅಳಿಯಲಿಲ್ಲ. ಮದರಾಸಿನ ಕಾಗದದಲ್ಲಿ ಎಕರೆಗೆ 100 ಸೆಂಟು, ಮೈಸೂರಿನದರಲ್ಲಿ 40 ಗುಂಟೆ. ಎರಡೂವರೆ ಸೆಂಟಿಗೆ ಒಂದು ಗುಂಟೆ. ಅಜ್ಜನ ಕಾಲದ ಪತ್ರದಲ್ಲಿ 80 ಎಂದು ಕಂಡು, ಪಹಣಿಯಲ್ಲಿ 32 ಎಂದು ಓದಿದ ಮೊಮ್ಮಗ, 48 ಗುಂಟೆಯನ್ನು ದೊಡ್ಡಪ್ಪ ನುಂಗಿದ ಎಂದು ತೀರ್ಮಾನಿಸುವುದು ಸಹಜ.

ಆಮೇಲಿನ ಗಡಿಗಳೆಲ್ಲ ಕ್ಯಾಲೆಂಡರಿನ ಮೇಲೆ ಬಿದ್ದವು. ಪಿತ್ರಾರ್ಜಿತದಲ್ಲಿ ಹೆಣ್ಣುಮಕ್ಕಳಿಗೂ ಹುಟ್ಟಿನಿಂದ ಸಮಪಾಲು ಎಂದು ಕರ್ನಾಟಕ ತಂದ ತಿದ್ದುಪಡಿ ಜಾರಿಗೆ ಬಂದದ್ದು 1994ರ ಜುಲೈ 30ಕ್ಕೆ. ಅದಕ್ಕೆ ಮುಂಚೆ ಮದುವೆಯಾದವಳಿಗೆ ಇಲ್ಲ. ಆಗ ಆಷಾಢ. ಮದುವೆಗಳೇ ನಡೆಯದ ತಿಂಗಳಲ್ಲಿ ಗಡಿ ಹಾಕಿದ್ದರಿಂದ ಧಾರೆ ಎರೆಯುತ್ತಿದ್ದಾಗಲೇ ಹಕ್ಕು ಹೋದವಳೆಂಬ ಕಷ್ಟದ ಪ್ರಕರಣ ಶಾಸ್ತ್ರಕಾರರಿಗೆ ತಪ್ಪಿತು. ಆದರೆ ಜ್ಯೇಷ್ಠದಲ್ಲಿ ಮದುವೆಯಾದ ಅಕ್ಕನಿಗೆ ಇಲ್ಲ, ಶ್ರಾವಣದಲ್ಲಿ ಆದ ತಂಗಿಗೆ ಉಂಟು ಎಂದಾಗಿ, ಟ್ರಂಕಿನ ತಳದ ಲಗ್ನಪತ್ರಿಕೆಗಳು ದಾಖಲೆಯಾದವು. 2005ರ ಸೆಪ್ಟೆಂಬರ್ 9ರ ಕೇಂದ್ರದ ತಿದ್ದುಪಡಿ ಮದುವೆಯ ಗಡಿ ಕಿತ್ತುಹಾಕಿತು. 2015ರಲ್ಲಿ ಸುಪ್ರೀಂ ಕೋರ್ಟು, ನಮ್ಮದೇ ರಾಜ್ಯದಿಂದ ಹೋದ ಫೂಲಾವತಿ ಪ್ರಕರಣದಲ್ಲಿ, ಆ ದಿನ ಅಪ್ಪನೂ ಬದುಕಿರಬೇಕು ಎಂದಿತು; ಲಗ್ನಪತ್ರಿಕೆ ಒಳಗೆ ಹೋಗಿ ಮರಣಪತ್ರ ಹೊರಗೆ ಬಂತು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಅದನ್ನೂ ತೆಗೆದು, ಮಗಳ ಹಕ್ಕು ಹುಟ್ಟಿನಿಂದ, ಅಪ್ಪ ಯಾವತ್ತು ಸತ್ತರೂ ಸರಿ ಎಂದಿತು. 2004ರ ಡಿಸೆಂಬರ್ 20ಕ್ಕೆ ಮುಂಚೆ ನಿಜವಾಗಿ ಆಗಿಹೋದ ಪಾಲುಗಳನ್ನು ಮಾತ್ರ ಕೆದಕುವ ಹಾಗಿಲ್ಲ. ಅಂದಿನಿಂದ, ಎಂದೂ ಪಾಲಾಗದಿದ್ದ ಅಣ್ಣತಮ್ಮಂದಿರು ತಾವು 2003ರಲ್ಲೇ ಬಾಯಿಮಾತಿನಲ್ಲಿ ಪಾಲಾಗಿದ್ದು ನೆನಪಿಗೆ ಬಂತು ಎನ್ನುತ್ತಿದ್ದಾರೆ.

ದಾಯಾದ ಭೇದ

ಕಾಯ್ದೆಯ ದಾಯಾದಿಗಳು ಬೇರೆ, ಪಂಚಾಯ್ತಿಯ ದಾಯಾದಿಗಳು ಬೇರೆ. ಕಾಯ್ದೆ ಎಲ್ಲರನ್ನೂ ಯೋಚಿಸಿದೆ: ಅಪ್ಪ ಸತ್ತಾಗ ಹೊಟ್ಟೆಯಲ್ಲಿದ್ದ ಮಗುವಿಗೆ ಪಾಲುಂಟು, ಅಪ್ಪನನ್ನು ಕೊಂದವನಿಗೆ ಇಲ್ಲ. ಎರಡನೇ ಮನೆಯ ಮಕ್ಕಳಿಗೆ ಅಪ್ಪನ ಪಾಲಿಗೆ ಬಂದದ್ದರಲ್ಲಿ ಉಂಟು ಎಂದು 2023ರಲ್ಲಿ ರೇವಣಸಿದ್ದಪ್ಪ ಪ್ರಕರಣದಲ್ಲಿ ತೀರ್ಮಾನವಾಯಿತು. ಪಂಚಾಯ್ತಿಯಲ್ಲಿ ಮಾತಾಡುವವರ ಪಟ್ಟಿಯೇ ಬೇರೆ. ಊರಲ್ಲೇ ಉಳಿದು ಆರಂಬ ನೋಡಿಕೊಂಡವನು ‘ನೆತ್ರ ಬಸ್ದಿದ್ದು ನಾನು’ ಎನ್ನುತ್ತಾನೆ. ಬೆಂಗಳೂರಿಗೆ ಹೋದವನು ಊರಿನ ಆಸ್ತಿ ಎಲ್ಲರದು, ಬೆಂಗಳೂರಿನ ಸೈಟು ತನ್ನದು ಎನ್ನುತ್ತಾನೆ. ಓದಿನಿಂದ ಗಳಿಸಿದ್ದು ಓದಿದವನಿಗೇ ಎಂಬ 1930ರ ಕಾಯ್ದೆ ಅವನ ಬೆನ್ನಿಗಿದೆ, ಓದಿಸಲು ಮಾರಿದ ಜೋಡೆತ್ತಿನ ಬೆನ್ನಿಗೆ ಯಾವ ಕಾಯ್ದೆಯೂ ಇಲ್ಲ. ಇವರೆಲ್ಲರಿಗಿಂತ ಹೆಚ್ಚು ಮಾತಾಡುವವನು ಭಾವ. ಕಾಯ್ದೆಯ ಯಾವ ವರ್ಗದಲ್ಲೂ ಅವನಿಲ್ಲ. ‘ನಂಗೇನೂ ಬ್ಯಾಡಪ್ಪ, ನ್ಯಾಯ ಮಾತಾಡ್ತಿನಿ’ ಎಂದೇ ಶುರುಮಾಡುತ್ತಾನೆ.

ಹಿರಿಯನಿಗೆ ಇಪ್ಪತ್ತನೆಯ ಒಂದು ಭಾಗ ಹೆಚ್ಚು ಎಂದು ಮನು ಹೇಳಿದ್ದ. ಅದು ಶಾಸ್ತ್ರದಲ್ಲಿದ್ದರೂ ಜನಕ್ಕೆ ಸೇರದ್ದು, ಮಾಡಕೂಡದು ಎಂದು ವಿಜ್ಞಾನೇಶ್ವರ ತಳ್ಳಿಹಾಕಿದ. ನಮ್ಮ ಕಡೆಯ ವಾಡಿಕೆ ಇನ್ನೂ ಜಾಣತನದ್ದು: ಹಿರಿಯ ಪಾಲು ಮಾಡಬೇಕು, ಕಿರಿಯ ಮೊದಲು ಎತ್ತಬೇಕು.

ಅವಿಭಾಜ್ಯ ಪ್ರಕರಣ

ಪಾಲಿಗೆ ಬಾರದ ವಸ್ತುಗಳ ಪಟ್ಟಿಯೊಂದನ್ನೂ ಮನು ಕೊಟ್ಟಿದ್ದಾನೆ. ಉಟ್ಟ ಬಟ್ಟೆ, ವಾಹನ, ತೊಟ್ಟ ಒಡವೆ, ಬೇಯಿಸಿದ ಅನ್ನ, ನೀರು, ಹೆಂಗಸರು, ಓಡಾಡುವ ದಾರಿ. ಎರಡು ಸಾವಿರ ವರ್ಷದ ಈ ಪಟ್ಟಿಯನ್ನು ಕೊಳ್ಳೇಗಾಲದ ಯಾವ ದಾವೆಗೆ ಅಂಟಿಸಿದರೂ ಒಪ್ಪುತ್ತದೆ. ಎಕರೆಗಟ್ಟಲೆ ಭೂಮಿ ಒಂದು ಮಧ್ಯಾಹ್ನದಲ್ಲಿ ಪಾಲಾಗುತ್ತದೆ. ಜಗಳ ನಿಲ್ಲುವುದು ಇವುಗಳ ಹತ್ತಿರ.

ನೀರು ಎಂದರೆ ಈಗ ಬೋರ್‌ವೆಲ್ಲು. ಬಾವಿಯಿದ್ದಾಗ ಕಪಿಲೆಯನ್ನು ಸರದಿಯ ಮೇಲೆ ಹೊಡೆಯುತ್ತಿದ್ದರು. ಬೋರಿಗೆ ಸರದಿ ಕಷ್ಟ, ಯಾಕೆಂದರೆ ಕರೆಂಟು ಯಾರ ಸರದಿಯಲ್ಲಿ ಬರುತ್ತದೆಂದು ಪಾಲುಪಟ್ಟಿಯಲ್ಲಿ ಬರೆಯಲಾಗದು. ಬೋರು ಒಬ್ಬನ ಹಿಸ್ಸೆಗೆ, ಮೀಟರು ಸತ್ತ ಅಪ್ಪನ ಹೆಸರಿಗೆ, ಸ್ಟಾರ್ಟರ್ ಡಬ್ಬಿಯ ಬೀಗ ಇನ್ನೊಬ್ಬನ ಸೊಂಟಕ್ಕೆ. ದಾರಿ ಇನ್ನೂ ತೊಡಕಿನದು. ಹನೂರು ಕಡೆಯ ಒಣಭೂಮಿಯಲ್ಲಿ ಉದ್ದಕ್ಕೆ ಸೀಳಿದ ಹಿಸ್ಸೆಗಳ ಕೊನೆಯವನು ಮುಸುಕಿನ ಜೋಳ ಸಾಗಿಸಬೇಕಾದರೆ ಮೂವರು ಅಣ್ಣಂದಿರ ಬದುವಿನ ಮೇಲೆ ಹೋಗಬೇಕು. ಒಟ್ಟಿಗಿದ್ದಾಗ ಅದು ಬಂಡಿದಾರಿ. ಪಾಲಾದ ಮಾರನೇ ದಿನದಿಂದ ಅತಿಕ್ರಮ ಪ್ರವೇಶ.

ಮುಡಿಗುಂಡದ ಕಡೆಯ ಒಂದು ಮನೆಯಲ್ಲಿ ರೇಷ್ಮೆ ಹುಳುಮನೆಯ ಸಾಮಾನು ಪಾಲಾಗುವುದನ್ನು ಕೂತು ನೋಡಿದ್ದೇನೆ. ಸೊಪ್ಪು ಕತ್ತರಿಸುವ ಮಣೆ, ತಟ್ಟೆ, ಸ್ಟ್ಯಾಂಡು ಸರಿಹೋದವು. ಚಂದ್ರಿಕೆಗಳು ಬಂದವು: ಆರಡಿಗೆ ನಾಲ್ಕಡಿಯ ಬಿದಿರಿನ ಚಾಪೆ, ಮೇಲೆ ಸುರುಳಿ ಸುರುಳಿಯಾಗಿ ನಿಲ್ಲಿಸಿದ ಬಿದಿರ ಪಟ್ಟಿ, ಸಂದಿಯಲ್ಲಿ ಹಳೆಯ ಗೂಡಿನ ನಾರು ಇನ್ನೂ ಅಂಟಿಕೊಂಡದ್ದು. ಇಬ್ಬರೂ ಪ್ಲಾಸ್ಟಿಕ್ಕಿನ ನೇತ್ರಿಕೆಗೆ ಹೋಗಿ ಬಹಳ ಕಾಲವಾಗಿತ್ತು. ಬೇಡದ ಮಾಲು ಬೇಗ ಹಂಚಿಹೋಗುತ್ತದೆ ಎಂದುಕೊಂಡೆ. ಸಂಖ್ಯೆ ಬೆಸ. ಒಂದು ಉಳಿಯಿತು. ‘ನಿಂಗಿರ್ಲಿ ತಕಣ್ಣ’ ಎಂದು ತಮ್ಮ ಅಂದ. ‘ಯಾಕ, ನಾನೇನ್ ಭಿಕ್ಷ ಕೇಳ್ದನಾ’ ಎಂದು ಅಣ್ಣ ಅಂದ. ಯಜಮಾನರು ಅದನ್ನು ಮುರಿದು ಒಲೆಗೆ ಹಾಕಿ ಕಾಫಿ ಕಾಯಿಸಿ ಎಂದರು. ಕಾಫಿಯ ಪುಡಿ ಯಾರ ಮನೆಯದು ಎಂಬಲ್ಲಿ ಮತ್ತೆ ಅರ್ಧ ಗಂಟೆ ಹೋಯಿತು. ಬೇಯಿಸಿದ ಅನ್ನ ಅವಿಭಾಜ್ಯ ಎಂದು ಮನು ಹೇಳಿದ್ದು ಪಂಚಾಯ್ತಿ ಕಂಡವನ ಮಾತು.

ತೊಟ್ಟಿಮನೆಯಾದರೆ ತೊಟ್ಟಿಯ ನಡುವೆ ಗೋಡೆ ಏಳುತ್ತದೆ. ನಾಲ್ಕೂ ಕಡೆಯ ಸೂರಿನ ನೀರು ಮಾತ್ರ ಗೋಡೆಯನ್ನು ಒಪ್ಪದೆ ಮೊದಲಿನ ಬಚ್ಚಲಕಂಡಿಯನ್ನೇ ಹುಡುಕುತ್ತದೆ. ಕಂಡಿ ಯಾರ ಕಡೆಗೆ ಬಿತ್ತೋ ಅವನು ಮಳೆಗಾಲದಲ್ಲಿ ಯಜಮಾನ.

ಇನ್ನು ತಾಯಿ. ಮನು ಹೆಂಗಸರು ಎಂದು ಒಂದೇ ಮಾತಿನಲ್ಲಿ ಮುಗಿಸಿದ. ನಮ್ಮವರು ಅವಳನ್ನು ತಿಂಗಳಿಗೊಂದರಂತೆ ಸರದಿಗೆ ಹಾಕಿದ್ದಾರೆ. ಲೆಕ್ಕ ಮಾಡಿ ನೋಡಿದೆ. ಜನವರಿಯಿಂದ ಆರಂಭಿಸಿ ಒಂದು ಬಿಟ್ಟು ಒಂದು ತಿಂಗಳು ಹಿರಿಯನ ಮನೆಯಲ್ಲಿದ್ದರೆ ಅವನ ಪಾಲಿಗೆ 184 ದಿನ, ಕಿರಿಯನಿಗೆ 181. ಮೂರು ದಿನದ ಅನ್ನ ಹಿರಿಯನ ಮೇಲೆ ಹೆಚ್ಚು ಬೀಳುತ್ತದೆ, ಅಧಿಕ ವರ್ಷದಲ್ಲಿ ಎರಡು. ಜ್ಯೇಷ್ಠಾಂಶ ಉಳಿದಿರುವುದು ಇಲ್ಲೊಂದರಲ್ಲೇ. 2023ರಲ್ಲಿ ಗೃಹಲಕ್ಷ್ಮಿ ಬಂದ ಮೇಲೆ ಈ ಪ್ರಕರಣಕ್ಕೆ ವ್ಯಾಖ್ಯಾನ ಬೇಕಾಯಿತು. ತಿಂಗಳ 2000 ರೂಪಾಯಿ ಹೋಗುವುದು ರೇಷನ್ ಕಾರ್ಡಿನ ಯಜಮಾನಿಗೆ. ತಾಯಿ ಯಾವ ಕಾರ್ಡಿನಲ್ಲಿದ್ದಾಳೆ, ಅದರಲ್ಲಿ ಯಜಮಾನಿಯೋ ಅಲ್ಲವೋ ಎಂಬುದರ ಮೇಲೆ ಮಾತೃಭಕ್ತಿಯ ತಿಂಗಳುಗಳು ಹಿಂದೆ ಮುಂದೆ ಆಗುತ್ತವೆ. ತಾಯಿಗೆ ತನ್ನದೇ 32 ಗುಂಟೆ ಇದೆ ಎಂಬ ಮಾತನ್ನು ಇಷ್ಟು ಪಂಚಾಯ್ತಿಗಳಲ್ಲಿ ಯಾರ ಬಾಯಿಂದಲೂ ನಾನು ಕೇಳಿಲ್ಲ, ಅವಳ ಬಾಯಿಂದಲೂ.

ಸಹಿ ಪ್ರಕರಣ

ಒಡಹುಟ್ಟಿದ ಹೆಣ್ಣುಮಕ್ಕಳ ಆಸ್ತಿ ನಮ್ಮ ಕಡೆ ಭೂಮಿಯ ರೂಪದಲ್ಲಿ ಇರುವುದಿಲ್ಲ, ಸಹಿಯ ರೂಪದಲ್ಲಿ ಇರುತ್ತದೆ. ಹುಟ್ಟಿನಿಂದ ಬರುತ್ತದೆ, ಒಂದು ದಿನ ಬೆಳಿಗ್ಗೆ ತವರಿನಿಂದ ಫೋನು ಬಂದಾಗ ಕಾಣಿಸಿಕೊಳ್ಳುತ್ತದೆ, ಸಂಜೆಯ ಹೊತ್ತಿಗೆ ಮುಗಿದಿರುತ್ತದೆ.

ವಿಧಿ ಹೀಗಿದೆ. ‘ಅಕ್ಕ, ಖಾತ ಮಾಡ್ಸಕ ಒಂದ್ ಸೈನ್ ಬೇಕಂತ, ಬಂದ್ಬುಡು’ ಎಂದು ತಮ್ಮ ಕರೆಯುತ್ತಾನೆ. ಅಕ್ಕ ಮೊದಲ ಬಸ್ಸಿಗೆ ಬರುತ್ತಾಳೆ. ಪತ್ರ ಬರಹಗಾರರ ಅಂಗಡಿಯ ಬೆಂಚಿನ ಮೇಲೆ ಕೂರಿಸಿ ಕಾಫಿ ತರಿಸುತ್ತಾರೆ. ಸಬ್‌ರಿಜಿಸ್ಟ್ರಾರ್ ಕಚೇರಿಯಲ್ಲಿ ಫೋಟೊಕ್ಕೆ ಸೆರಗು ಸರಿಮಾಡಿಕೊಳ್ಳುತ್ತಾಳೆ. ಹೆಬ್ಬೆರಳು ಒತ್ತುತ್ತಾಳೆ, ಪಾತ್ರೆ ತಿಕ್ಕಿ, ಕಳೆ ಕಿತ್ತು ರೇಖೆ ಸವೆದ ಬೆರಳನ್ನು ಯಂತ್ರ ಒಪ್ಪದು, ಒರೆಸಿ ಒರೆಸಿ ಮತ್ತೆ ಒತ್ತಿಸುತ್ತಾರೆ. ‘ಸ್ವಸಂತೋಷದಿಂದ, ಯಾರ ಬಲವಂತವೂ ಇಲ್ಲದೆ’ ಹಕ್ಕು ಬಿಟ್ಟಿದ್ದೇನೆ ಎಂದು ಪತ್ರದಲ್ಲಿದೆ. ಆಮೇಲೆ ಹೋಟೆಲಿನಲ್ಲಿ ಊಟ, ಅಂಗಡಿಯಲ್ಲಿ ಒಂದು ಸೀರೆ, ಅರಿಶಿನ ಕುಂಕುಮಕ್ಕೆಂದು ಮಡಚಿದ ನೋಟು. ರೇಷ್ಮೆಯ ಊರು, ಆದರೂ ಸೀರೆ ಸಾಮಾನ್ಯವಾಗಿ ಪಾಲಿಯೆಸ್ಟರು.

ಸಹಿ ಹಾಕುವವರಲ್ಲಿ ಓದದೆ ಹಾಕುವವಳು, ಓದಿ ಹಾಕುವವಳು, ಓದಿ ಅತ್ತು ಹಾಕುವವಳು ಎಂದು ಒಳಭೇದಗಳುಂಟು. ‘ನಮ್ಮೋರ್ನ ಕೇಳ್ಬೇಕಲ್ಲಪ್ಪ’ ಎನ್ನುವವಳನ್ನು ಭಾವನ ಕೈಗೊಂಬೆ ಎಂದು ಬೈಯುವುದು ವಾಡಿಕೆ. ನನ್ನ ಎಣಿಕೆಯಲ್ಲಿ ಆ ಮಾತು ಅವಳಿಗೆ ಬಾಗಿಲ ಹಿಂದಿನ ಅಗುಳಿ, ತನ್ನ ಮನಸ್ಸಿನ ‘ಇಲ್ಲ’ವನ್ನು ಗಂಡನ ಹೆಸರಿನಲ್ಲಿ ಹೇಳುವ ದಾರಿ. ಸಹಿ ಹಾಕದವಳಿಗೆ ತವರಿನ ಗೌರಿಬಾಗಿನ ನಿಲ್ಲುತ್ತದೆ. ಇವೆರಡರ ನಡುವೆ ವಿರಳವಾದ ಒಂದು ಜಾತಿ ಇದೆ. ಇವಳು ಎಕರೆ ಕೇಳುವುದಿಲ್ಲ. ‘ನಾಳ ನಾನೂ ಒಬ್ಳೇ ಆದ್ರ ಬಂದ್ ಇರಕ ಒಂದ್ ಮೂಲ ಬೇಕು ಕನಪ್ಪ, ಹಿತ್ಲಲ್ಲಿ ಒಂದ್ ಗುಂಟ ಬುಡಿ’ ಎನ್ನುತ್ತಾಳೆ. ಎಕರೆ ಕೇಳಿದವಳನ್ನು ಕ್ಷಮಿಸಿದರೂ ಈ ಒಂದು ಗುಂಟೆಯವಳನ್ನು ಅಣ್ಣತಮ್ಮಂದಿರು ಕ್ಷಮಿಸುವುದಿಲ್ಲ. ಎಕರೆ ಕೊಟ್ಟರೆ ಮಾರಿ ಹೋಗುತ್ತಾಳೆ. ಗುಂಟೆ ಕೊಟ್ಟರೆ ಬಂದು ಇರುತ್ತಾಳೆ. ವಾಸದ ಮನೆಯಲ್ಲಿ ಗಂಡುಮಕ್ಕಳು ಪಾಲಾಗುವ ತನಕ ಹೆಣ್ಣುಮಕ್ಕಳು ಪಾಲು ಕೇಳಬಾರದು ಎಂದು ಕಾಯ್ದೆಯೇ 2005ರವರೆಗೆ ಹೇಳುತ್ತಿತ್ತು. ಕಾಯ್ದೆ ಆ ಕಲಮನ್ನು ತೆಗೆಯಿತು, ಹಿತ್ತಲು ತೆಗೆದಿಲ್ಲ.

ಮೇಲಿನ ಲೆಕ್ಕಕ್ಕೆ ಮತ್ತೆ ಬರೋಣ. ನಾಲ್ಕು ಎಕರೆ, ತಲೆಗೆ ಒಂದು. ಇಬ್ಬರು ಅಕ್ಕತಂಗಿಯರು ಸಹಿ ಹಾಕಿದ ಮಧ್ಯಾಹ್ನ ಎರಡು ಎಕರೆ ಕೈಬದಲಾಯಿತು. ದೇವಸ್ಥಾನಕ್ಕೆ ಇಷ್ಟು ಭೂಮಿ ಬಿಟ್ಟವರ ಹೆಸರನ್ನು ಹಿಂದೆ ಕಲ್ಲಿನಲ್ಲಿ ಕೆತ್ತಿಸಿ, ಸೂರ್ಯಚಂದ್ರರನ್ನು ಸಾಕ್ಷಿಗೆ ನಿಲ್ಲಿಸಿ, ಅಳಿದವರು ನರಕಕ್ಕೆ ಹೋಗಲಿ ಎಂದು ಶಪಿಸುತ್ತಿದ್ದರು. ಆ ಮನೆಯ ವಂಶದಲ್ಲೇ ಇದಕ್ಕಿಂತ ದೊಡ್ಡ ದಾನ ಇನ್ನೊಂದಿರಲಾರದು. ಆದರೂ ಪಂಚಾಯ್ತಿಯ ಮಾತಿನಲ್ಲಿ ಅದರ ಹೆಸರು ‘ಬರೀ ಒಂದ್ ಸೈನ್’. ದಾನವೆಂದು ಕರೆದರೆ ಪಡೆದವರು ಋಣಿಗಳಾಗಬೇಕಾಗುತ್ತದೆ, ಅದಕ್ಕೇ ಇರಬೇಕು.

ಪ್ರಮಾಣ ಪ್ರಕರಣ

ಪಾಲಾಗಿದೆ ಎನ್ನಲು ಪ್ರಮಾಣವೇನು? ಪಹಣಿ ಎನ್ನುತ್ತಾರೆ, ಅದು ಕಂದಾಯಕ್ಕೆ ಇಟ್ಟ ದಾಖಲೆ, ಖಾತೆ ಬದಲಾದ ಮಾತ್ರಕ್ಕೆ ಹಕ್ಕು ಹುಟ್ಟದು. ಬಿಳಿ ಹಾಳೆಯ ಪಾಲುಪಟ್ಟಿ ಎನ್ನುತ್ತಾರೆ; ಅದೇ ಹಾಳೆಯಿಂದ ಪಾಲು ಮಾಡಿದ್ದಾದರೆ ನೋಂದಣಿಯಾಗಿರಬೇಕು. ಉಳಿದದ್ದು ಮಾದಪ್ಪ. ‘ಬೆಟ್ಟಕ್ಕ ಬಂದು ಆಣ ಮಾಡು’ ಎಂದರೆ ಕೋರ್ಟಿನಲ್ಲಿ ಪ್ರಮಾಣ ಮಾಡಿ ಸುಳ್ಳಾಡಿದವರೂ ಹಿಂಜರಿಯುತ್ತಾರೆ. ಬೆಟ್ಟದ ಬುಡದ ತಾಳಬೆಟ್ಟದ ತನಕ ಬಂದು ವಾಪಸು ಹೋದವರಿದ್ದಾರೆ.

ವ್ಯವಹಾರ ಪ್ರಕರಣ

ಪಂಚಾಯ್ತಿ ಮುರಿದರೆ ದಾವೆ. ಪಾಲಿನ ದಾವೆಯ ವಾದಪತ್ರದಷ್ಟು ಪ್ರೀತಿ ತುಂಬಿದ ಬರಹ ಕನ್ನಡದಲ್ಲಿ ಕಡಿಮೆ. ಹನ್ನೆರಡು ವರ್ಷದಿಂದ ಮುಖ ನೋಡದ ಅಣ್ಣತಮ್ಮಂದಿರು ‘ದಾವಾ ಸ್ವತ್ತುಗಳನ್ನು ಇಂದಿಗೂ ಒಟ್ಟಾಗಿ, ಜಂಟಿಯಾಗಿ ಅನುಭವಿಸಿಕೊಂಡು ಬರುತ್ತಿದ್ದೇವೆ’ ಎಂದು ಬರೆಸುತ್ತಾರೆ. ಕಾರಣ ಭ್ರಾತೃಪ್ರೇಮವಲ್ಲ, 1958ರ ಕೋರ್ಟು ಶುಲ್ಕ ಕಾಯ್ದೆ. ಜಂಟಿ ಸ್ವಾಧೀನದಲ್ಲಿದ್ದೇನೆ ಎಂದರೆ ಶುಲ್ಕ ಹೆಚ್ಚೆಂದರೆ 200 ರೂಪಾಯಿ. ನನ್ನನ್ನು ಹೊರಗೆ ಹಾಕಿದ್ದಾರೆ ಎಂಬ ನಿಜ ಹೇಳಿದರೆ ಪಾಲಿನ ಮಾರುಕಟ್ಟೆ ಬೆಲೆಯ ಮೇಲೆ ಕಟ್ಟಬೇಕು.

ಕೋರ್ಟು ಎರಡು ಸಲ ಡಿಕ್ರಿ ಮಾಡುತ್ತದೆ. ಮೊದಲನೆಯದು ನಿನಗೆ ನಾಲ್ಕನೆಯ ಒಂದು ಎನ್ನುತ್ತದೆ, ಯಾವ ನಾಲ್ಕನೆಯ ಒಂದು ಎನ್ನುವುದಿಲ್ಲ. ಅದಕ್ಕೆ ಅಂತಿಮ ಡಿಕ್ರಿ ಬೇಕು. ನಡುವೆ ಕಂದಾಯದ ಭೂಮಿ ಕಂದಾಯದವರ ಕೈಗೆ, ಮನೆ ಕೋರ್ಟು ಕಮಿಷನರ ಕೈಗೆ. ಸರ್ವೆಯವರು ಚೈನು ಹಿಡಿದು ಬಂದ ದಿನ ಊರೇ ಬದುವಿನ ಮೇಲೆ. ಹಂಚಲಾಗದಷ್ಟು ಚಿಕ್ಕದಾದರೆ ಹರಾಜು ಹಾಕಿ ಹಣ ಹಂಚಬಹುದೆಂದು 1893ರ ಕಾಯ್ದೆ ಹೇಳುತ್ತದೆ. ಅಷ್ಟರಲ್ಲಿ ವಾದಿಯೊಬ್ಬ ತೀರಿಕೊಂಡು, ಅವನ ಹೆಂಡತಿ ಮಕ್ಕಳು ವಾದಿ ನಂಬರ್ ಒಂದು ಎ, ಬಿ, ಸಿ ಆಗಿರುತ್ತಾರೆ. ಅವನೂ ಉಯಿಲು ಬರೆದಿರುವುದಿಲ್ಲ.

ಎಲ್ಲ ಸ್ವತ್ತನ್ನೂ ಎಲ್ಲ ಪಾಲುದಾರರನ್ನೂ ಸೇರಿಸಿಯೇ ದಾವೆ ಹಾಕಬೇಕೆಂಬ ನಿಯಮವುಂಟು. ಒಂದು ಬಿಟ್ಟರೂ ಎದುರಿನವರು ಅದನ್ನೇ ಹಿಡಿದು ಜಗ್ಗುತ್ತಾರೆ. ಹಾಗಾಗಿ ಷೆಡ್ಯೂಲಿಗೆ ಚಕ್ಕುಬಂದಿ ಸಮೇತ ಹೊಲ, ಗದ್ದೆ, ಮನೆ, ಹಿತ್ತಲು, ಹುಣಸೆಮರ, ಸೊಸೈಟಿಯ ಷೇರು ಎಲ್ಲ ಸೇರಿದ ಮೇಲೆ ಕೊನೆಯಲ್ಲಿ ಅಮ್ಮನ ಕಿವಿಯ ಓಲೆ ಬರುತ್ತದೆ. ತಾಯಿಯ ಒಡವೆ ಹೆಣ್ಣುಮಕ್ಕಳಿಗೆ ಎಂಬುದು ಮಿತಾಕ್ಷರವೂ ಒಪ್ಪಿದ, ಊರೂ ಒಪ್ಪಿದ ಪದ್ಧತಿ. 1956ರ ಕಾಯ್ದೆಯಲ್ಲಿ ಅದು ಗಂಡು ಹೆಣ್ಣು ಎಲ್ಲ ಮಕ್ಕಳಿಗೂ ಸಮ. ಭೂಮಿಯ ವಿಷಯದಲ್ಲಿ ‘ಕಾನೂನ್ ಏನಾರ ಇರ್ಲಿ, ನಮ್ ಪದ್ಧತಿ ಅಂತ ಒಂದದ’ ಎಂದ ಅಣ್ಣ, ಓಲೆಯ ಹತ್ತಿರ ಬಂದಾಗ ಕಾನೂನಿನ ಕಡೆ ಬಂದು ನಿಲ್ಲುತ್ತಾನೆ. ಷೆಡ್ಯೂಲಿನ ಕೊನೆಯ ಸಾಲು ಆಗ ಹೀಗೆ ಬರುತ್ತದೆ: ಐಟಂ ನಂಬರ್ 9, ಒಂದು ಜೊತೆ ಚಿನ್ನದ ಓಲೆ, ತೂಕ ತಿಳಿಯದು, ಎರಡನೇ ಪ್ರತಿವಾದಿಯ ಕಿವಿಯಲ್ಲಿ ಇರುತ್ತದೆ.